ಕುಕ್ಕರಹಳ್ಳಿ ಕೆರೆ ಹತ್ತಿರ ಅಪ್ಪ ಮಾತಾಡಿದ್ದು

ಅಮ್ಮ ಹೋದ ಮೇಲೆ ಅಪ್ಪ ಮನೆಯಿಂದ ಹೊರಗೆ ಬರುವುದನ್ನೇ ಬಿಟ್ಟಿದ್ದರು. ಊಟ ಆಯ್ತಾ ಅಂದರೆ ಹ್ಞೂಂ, ನಿದ್ದೆ ಬಂತಾ ಅಂದರೆ ಹ್ಞೂಂ. ಎದುರಿಗೆ ಕೂತು ಎಷ್ಟು ಕೇಳಿದರೂ ಅಷ್ಟೇ.

ನಾವಿರುವುದು ಮೈಸೂರಿನಲ್ಲಿ. ಕುಕ್ಕರಹಳ್ಳಿ ಕೆರೆಗೆ ನಡೆದೇ ಹೋಗಬಹುದು. ಮೊದಲು ನಾನೊಬ್ಬಳೇ ಕರೆದುಕೊಂಡು ಹೋದೆ. ನಾನು ಫೋನಿನಲ್ಲಿ ಹೆಜ್ಜೆ ಎಣಿಸುತ್ತಿದ್ದೆ, ಅವರು "ಸಾಕು, ಮನೆಗೆ ಹೋಗೋಣ" ಅನ್ನುತ್ತಿದ್ದರು. ಒಂದೇ ವಾರಕ್ಕೆ ನಿಂತುಹೋಯಿತು.

ಆಮೇಲೆ ನಮ್ಮ ಬೀದಿಯವರನ್ನು ಸೇರಿಸಿಕೊಂಡೆ. ನಿವೃತ್ತ ಮೇಷ್ಟ್ರು, ಅವರ ಹೆಂಡತಿ, ಮಂಡಿನೋವಿರುವ ಪಕ್ಕದ ಮನೆ ಆಂಟಿ. ಮೇಷ್ಟ್ರು ಗೇಟಿನ ಹತ್ತಿರ ಕಾಯುತ್ತಿದ್ದರೆ ಅಪ್ಪ ಬರಲ್ಲ ಅನ್ನಲಾರರು. ಮಗಳಿಗಾದರೆ ಸಲೀಸಾಗಿ ಅನ್ನಬಹುದು, ಅಲ್ವಾ?

ಇಂಗ್ಲೆಂಡಿನ ಸುಮಾರು 20,000 ಜನರ ಮಾಹಿತಿ ಇಟ್ಟುಕೊಂಡು ಮಾಡಿದ 2019ರ ಒಂದು ಅಧ್ಯಯನದ ಬಗ್ಗೆ ಓದಿದ್ದೆ. ಪಾರ್ಕು, ಕಾಡು, ಕಡಲತೀರ ಅಂತ ವಾರಕ್ಕೆ 120 ನಿಮಿಷವಾದರೂ ಕಳೆಯುವವರಲ್ಲಿ "ಆರೋಗ್ಯವಾಗಿದ್ದೇನೆ, ನೆಮ್ಮದಿಯಾಗಿದ್ದೇನೆ" ಅನ್ನುವವರು ಜಾಸ್ತಿ ಇದ್ದರು. ಒಂದೇ ಸಲ ಹೋದರೂ ಸರಿ, ಬಿಡಿಬಿಡಿಯಾಗಿ ಹೋದರೂ ಸರಿ. ಅದಕ್ಕೇ ಮಂಗಳವಾರ, ಗುರುವಾರ, ಭಾನುವಾರ, ದಿನಕ್ಕೆ 40 ನಿಮಿಷ ಅಂತ ಮಾಡಿಕೊಂಡೆವು. ಫೋನು ಮನೆಯಲ್ಲೇ. ನನ್ನದೊಂದು ಮಾತ್ರ ಬ್ಯಾಗಿನಲ್ಲಿ, ಹಿರಿಯರ ಜೊತೆ ಹೋಗುವಾಗ ತುರ್ತಿಗೆ ಬೇಕು. ಪೂರ್ತಿ ಸುತ್ತು ಹಾಕಲೇಬೇಕೆಂಬ ಹಟ ಇಲ್ಲ. ಆಂಟಿ ಎಲ್ಲಿ ಕೂರುತ್ತಾರೋ ಅಲ್ಲೇ ಎಲ್ಲರೂ ಕೂತು ಫ್ಲಾಸ್ಕಿನ ಕಾಫಿ ಕುಡಿಯುವುದು.

ಮೊದಲೆರಡು ವಾರ ಮೇಷ್ಟ್ರದ್ದೇ ಮಾತು. ಮುಮ್ಮಡಿ ಕೃಷ್ಣರಾಜ ಒಡೆಯರ್ 1864ರಲ್ಲಿ ಕಟ್ಟಿಸಿದ ಕೆರೆ ಇದು, ಅಗೋ ಅದು ಹೆಜ್ಜಾರ್ಲೆ ಹಕ್ಕಿ, ಹೀಗೆ. ಅಪ್ಪ ಸುಮ್ನೆ ಕೇಳುತ್ತಿದ್ದರು.

ಮೂರನೇ ವಾರ ನೀರುಕಾಗೆಯೊಂದು ಮುಳುಗಿ ಎದ್ದು ಬಂದು, ಒಣಕೊಂಬೆಯ ಮೇಲೆ ಎರಡೂ ರೆಕ್ಕೆ ಬಿಚ್ಚಿ ನಿಂತಿತು. ಗರಿಯಿಂದ ನೀರು ತೊಟ್ಟಿಕ್ಕುತ್ತಿತ್ತು. ಬಿಸಿಲಿಗೆ ಒಣಗಿಸಿಕೊಳ್ಳುತ್ತಿದೆ ಅಂದರು ಮೇಷ್ಟ್ರು. ಅಪ್ಪ ಅದನ್ನೇ ನೋಡುತ್ತಾ, "ನಮ್ಮನೆಯವಳು ಒದ್ದೆ ಸೀರೆ ಕೊಡವುವಾಗ ಹಿಂಗೇ ನಿಂತ್ಕೊಳ್ಳೋಳು" ಅಂದರು.

ಆರು ತಿಂಗಳಲ್ಲಿ ಅಮ್ಮನ ಸುದ್ದಿ ಅವರ ಬಾಯಲ್ಲಿ ಬಂದದ್ದು ಅದೇ ಮೊದಲು. ಯಾರೂ ಅಯ್ಯೋ ಪಾಪ ಅನ್ನಲಿಲ್ಲ. ಆಂಟಿ, "ಯಾವ ಬಣ್ಣದ ಸೀರೆ ಇಷ್ಟ ಇತ್ತು ಅವರಿಗೆ?" ಅಂತ ಕೇಳಿದರು. ಅಪ್ಪ ಹೇಳುತ್ತಾ ಹೋದರು, ಹಕ್ಕಿಯ ಮೇಲಿಟ್ಟ ಕಣ್ಣು ತೆಗೆಯದೆ.

ಮುಖ ನೋಡಿ ಕೇಳಿದಾಗ ಬಾರದ ಮಾತು, ಎಲ್ಲರೂ ಒಂದೇ ಕಡೆ ನೋಡುತ್ತಾ ಕೂತಾಗ ಬಂತು. ಅವತ್ತಿನಿಂದ ನಾನು ಪ್ರಶ್ನೆ ಕೇಳುವುದನ್ನು ಕಡಿಮೆ ಮಾಡಿದೆ.

ಬಿಪಿ ಮಾತ್ರೆ ಹಾಗೇ ನಡೆದಿದೆ, ಡಾಕ್ಟರ ಹತ್ತಿರ ಹೋಗುವುದನ್ನೂ ಬಿಟ್ಟಿಲ್ಲ. ಆದರೆ ಈಗ ಫ್ಲಾಸ್ಕಿಗೆ ಕಾಫಿ ತುಂಬುವುದು ಅಪ್ಪನೇ. ಆಂಟಿಗೆ ಸಕ್ಕರೆ ಆಗಲ್ಲ ಅಂತ ಅದನ್ನು ಬೇರೆ ಡಬ್ಬಿಯಲ್ಲಿ ತೆಗೆದುಕೊಳ್ಳುತ್ತಾರೆ.