ಹಪ್ಪಳದ ಸಿನಿಮಾ: ಎಡಿಟಿಂಗ್ ಮನೆ ಕಂಪ್ಯೂಟರ್‌ನಲ್ಲೇ

ಹೋದ ಬೇಸಿಗೆಯಲ್ಲಿ ಅಮ್ಮ ಹಲಸಿನ ಹಪ್ಪಳ ಮಾಡುವುದನ್ನು ಫೋನಿನಲ್ಲಿ ಹಿಡಿದೆ. ಸೊಳೆ ಬಿಡಿಸಿ, ಬೇಯಿಸಿ, ಒರಳಲ್ಲಿ ಕುಟ್ಟಿ, ಒತ್ತಿ, ಚಾಪೆ ಮೇಲೆ ಒಣಗಿಸುವವರೆಗೆ 43 ತುಣುಕು, ಒಟ್ಟು ಒಂದೂವರೆ ಗಂಟೆ. ಅಷ್ಟನ್ನು ಕೂತು ನೋಡುವವರು ಯಾರು? ಮನೆಯ ಹಳೇ ಕಂಪ್ಯೂಟರಿನಲ್ಲಿ ಕತ್ತರಿಸಿ 6 ನಿಮಿಷಕ್ಕೆ ಇಳಿಸಿದೆ. ಒಂದು ರೂಪಾಯಿಯೂ ಖರ್ಚಾಗಲಿಲ್ಲ.

ವಿಂಡೋಸ್ ಮೂವಿ ಮೇಕರ್ ನೆನಪಾಗಿ ಹುಡುಕಲು ಹೊರಟಿದ್ದರೆ ಬೇಡ. ಮೈಕ್ರೋಸಾಫ್ಟ್ ಅದನ್ನು 2017ರ ಜನವರಿಯಲ್ಲೇ ನಿಲ್ಲಿಸಿತು. ಡಾವಿಂಚಿ ರಿಸಾಲ್ವ್ ಉಚಿತವಾಗಿ ಸಿಗುತ್ತದೆ, ಆದರೆ ಅದಕ್ಕೆ 16 ಜಿಬಿ ರ‍್ಯಾಮ್, ಒಳ್ಳೆ ಗ್ರಾಫಿಕ್ಸ್ ಕಾರ್ಡ್ ಬೇಕು. ನಾನು ಬಳಸಿದ್ದು ಶಾಟ್‌ಕಟ್ ಎಂಬ ಎಡಿಟಿಂಗ್ ಸಾಫ್ಟ್‌ವೇರ್. ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರರಲ್ಲೂ ಓಡುತ್ತದೆ, ಪೂರ್ತಿ ಉಚಿತ.

ಮೊದಲು ಒಂದು ಫೋಲ್ಡರ್

ತುಣುಕುಗಳನ್ನು ಯುಎಸ್‌ಬಿ ಕೇಬಲ್ ಹಾಕಿಯೇ ಕಂಪ್ಯೂಟರಿಗೆ ತನ್ನಿ. ವಾಟ್ಸ್ಆ್ಯಪ್‌ನಲ್ಲಿ ಕಳಿಸಿಕೊಂಡರೆ ಅದು ವಿಡಿಯೊವನ್ನು ಹಿಂಡಿ ಸಣ್ಣದು ಮಾಡಿಬಿಡುತ್ತದೆ. ಫೋನಿನ 1080ಪಿ ವಿಡಿಯೊ ಒಂದು ನಿಮಿಷಕ್ಕೆ 100 ಎಂಬಿ ದಾಟುವುದು ಮಾಮೂಲು. ಹಾಗಾಗಿ ಡಿಸ್ಕ್‌ನಲ್ಲಿ 30 ಜಿಬಿಯಾದರೂ ಖಾಲಿ ಇರಲಿ.

ಎಲ್ಲ ತುಣುಕನ್ನೂ ಒಂದೇ ಫೋಲ್ಡರಿಗೆ ಹಾಕಿ, ಪ್ರಾಜೆಕ್ಟ್ ಫೈಲನ್ನೂ ಅಲ್ಲೇ ಉಳಿಸಿ. ಈ ಪ್ರಾಜೆಕ್ಟ್ ಫೈಲಿನೊಳಗೆ ವಿಡಿಯೊ ಇರುವುದಿಲ್ಲ. ಯಾವ ತುಣುಕಿನ ಎಷ್ಟು ಭಾಗ, ಯಾವುದರ ಹಿಂದೆ ಯಾವುದು ಎಂಬ ಚೀಟಿ ಮಾತ್ರ ಇರುತ್ತದೆ. ಇದು ಗೊತ್ತಿಲ್ಲದೆ, ನನ್ನ ಮೊದಲ ಸಿನಿಮಾ ಅರ್ಧ ಆಗಿದ್ದಾಗ ಜಾಗ ಇಲ್ಲವೆಂದು ಮೂಲ ತುಣುಕುಗಳನ್ನು ಅಳಿಸಿದ್ದೆ. ಮರುದಿನ ಫೈಲ್ ತೆರೆದರೆ ಏನೂ ಇಲ್ಲ. ಅಕ್ಕನ ಮಗನ ನಾಮಕರಣ ಹಾಗೆ ಹೋಯಿತು. ಅವಳು ಈಗಲೂ ಆಡಿಕೊಳ್ಳುತ್ತಾಳೆ.

ತುಣುಕು ತೆರೆದಾಗ ಶಾಟ್‌ಕಟ್ 'ಎಡಿಟ್‌ಗೆ ಅನುಕೂಲವಾಗುವಂತೆ ಬದಲಿಸಲೇ?' ಎಂದು ಕೇಳಬಹುದು. ಹೂಂ ಅನ್ನಿ. ಫೋನುಗಳು ಸೆಕೆಂಡಿಗೆ ಇಷ್ಟೇ ಚಿತ್ರ ಎಂದು ಒಂದೇ ಲೆಕ್ಕದಲ್ಲಿ ಹಿಡಿಯುವುದಿಲ್ಲ, ಬೆಳಕು ಕಮ್ಮಿಯಾದರೆ ಲೆಕ್ಕವೂ ಏರುಪೇರಾಗುತ್ತದೆ. ಹಾಗೇ ಬಿಟ್ಟರೆ ತುಟಿ ಒಂದು ಕಡೆ, ಮಾತು ಒಂದು ಕಡೆ ಆಗುವ ಸಾಧ್ಯತೆ ಉಂಟು. ಅಲ್ಲಿ 'ಗುಡ್' ಆಯ್ಕೆ ಸಾಕು. 'ಬೆಸ್ಟ್' ಒತ್ತಿದಿರೋ, ಡಿಸ್ಕ್ ತುಂಬಿತೆಂದೇ ಲೆಕ್ಕ.

ಕಿವಿಯಿಂದ ಕತ್ತರಿಸಿ

ಕತ್ತರಿಸುವುದಕ್ಕೆ ಮೂರು ಕೀ ಗೊತ್ತಿದ್ದರೆ ಸಾಕು. ತುಣುಕನ್ನು ಕೆಳಗಿನ ಟೈಮ್‌ಲೈನಿಗೆ, ಅಂದರೆ ತುಣುಕುಗಳು ಒಂದರ ಹಿಂದೆ ಒಂದು ಕೂರುವ ಸಾಲಿಗೆ, ಎಳೆದು ಹಾಕಿ. ಬೇಕಾದ ಜಾಗದಲ್ಲಿ 'ಎಸ್' ಒತ್ತಿದರೆ ಎರಡು ಹೋಳು. ಬೇಡದ ಹೋಳಿನ ಮೇಲೆ 'ಎಕ್ಸ್' ಒತ್ತಿದರೆ ಅದು ಹೋಗಿ ಮುಂದಿನದೆಲ್ಲ ಸರಿದು ಕೂಡಿಕೊಳ್ಳುತ್ತದೆ. 'ಝಡ್' ಒತ್ತಿದರೆ ಹೋಳು ಹೋಗುತ್ತದೆ, ಜಾಗ ಖಾಲಿ ಉಳಿಯುತ್ತದೆ.

ಹೊಸಬರು ಚಿತ್ರ ನೋಡಿಕೊಂಡು ಕತ್ತರಿಸುತ್ತಾರೆ. ಹಾಗೆ ಮಾಡಿದರೆ ಪ್ರತಿ ಕತ್ತರಿಗೂ ಸದ್ದು ಹಾರುತ್ತದೆ: ಒಂದರಲ್ಲಿ ಮಿಕ್ಸಿ, ಇನ್ನೊಂದರಲ್ಲಿ ಕಾಗೆ, ಮತ್ತೊಂದರಲ್ಲಿ ಮೌನ. ಚಿತ್ರ ಸ್ವಲ್ಪ ಅಲುಗಾಡಿದರೆ ಜನ ಸಹಿಸಿಕೊಳ್ಳುತ್ತಾರೆ, ಸದ್ದು ಹರಿದರೆ ಸಹಿಸುವುದಿಲ್ಲ. ಹಾಗಾಗಿ ನಾನು ಒಳ್ಳೆಯ ಸದ್ದಿರುವ ಒಂದು ಉದ್ದ ತುಣುಕನ್ನು ಮೊದಲು ಹುಡುಕಿದೆ. ಒರಳಲ್ಲಿ ಒನಕೆ ಬೀಳುವ ದಬ್ ದಬ್, ನಡುನಡುವೆ ಅಮ್ಮ, ಪಕ್ಕದ ಮನೆ ಚಿಕ್ಕಮ್ಮನ ಮಾತು. ಅದರ ಮೇಲೆ ರೈಟ್ ಕ್ಲಿಕ್ ಮಾಡಿ 'ಡಿಟ್ಯಾಚ್ ಆಡಿಯೊ' ಕೊಟ್ಟೆ. ಸದ್ದು ಬೇರೆ ಸಾಲಿಗೆ ಬಂತು. ಆ ಸಾಲಿಗೆ ಬೀಗ ಹಾಕಿದೆ. ಮೇಲಿನ ಸಾಲಿನಲ್ಲಿ ಒರಳಿನ ಚಿತ್ರ ಅಲ್ಲಲ್ಲಿ ತೆಗೆದು ಬೇರೆ ಚಿತ್ರ ಜೋಡಿಸಿದೆ: ಬೇಯುವ ಸೊಳೆ, ಅಂಟು ಮೆತ್ತಿದ ಕೈ, ಮೆಣಸಿನಪುಡಿ. ಅವುಗಳ ಸ್ವಂತ ಸದ್ದು ಬಂದ್. ಜಾಗ ಹಾಗೇ ಉಳಿಸುವ 'ಝಡ್' ಇಲ್ಲಿ ಕೆಲಸಕ್ಕೆ ಬಂತು.

ಹಪ್ಪಳ ಒತ್ತುವ ತುಣುಕಿನಲ್ಲಿ ಅಮ್ಮ ನಾಲ್ಕು ಹಪ್ಪಳ ಒತ್ತಿದ್ದಳು. ಮೊದಲನೆಯದನ್ನು ಪೂರ್ತಿ ಬಿಟ್ಟೆ: ಉಂಡೆ ಇಡುವುದು, ಮಣೆ ಒತ್ತುವುದು, ಹಾಳೆ ಬಿಡಿಸುವುದು. ಎರಡನೆಯದರಲ್ಲಿ ಒತ್ತುವುದು ಮತ್ತು ಬಿಡಿಸುವುದು. ಮೂರನೆಯದರಲ್ಲಿ ಬರೀ ಒತ್ತು. ನಾಲ್ಕನೆಯದು ಸೀದಾ ಬಿಸಿಲಲ್ಲಿ, ಚಾಪೆ ತುಂಬ ಹಪ್ಪಳ. ಒಂದು ನಿಮಿಷ ಇದ್ದದ್ದು 20 ಸೆಕೆಂಡ್ ಆಯಿತು, ಆದರೂ ಏನೂ ಬಿಟ್ಟುಹೋದಂತೆ ಅನಿಸುವುದಿಲ್ಲ.

ಒಂದು ಚಿತ್ರ ಕರಗಿ ಇನ್ನೊಂದು ಮೂಡುವ ಪರಿಣಾಮ ಬೇಕೆಂದರೆ ಒಂದರ ತುದಿಯ ಮೇಲೆ ಇನ್ನೊಂದನ್ನು ಎಳೆದರಾಯಿತು. ಒಂದೆರಡು ಕಡೆ ಚೆಂದ, ಜಾಸ್ತಿಯಾದರೆ ಮದುವೆ ಆಲ್ಬಮ್ ಆಗುತ್ತದೆ.

ಶೀರ್ಷಿಕೆಯನ್ನು ಯೂನಿಕೋಡ್‌ನಲ್ಲೇ ಟೈಪ್ ಮಾಡಿ. ಹಳೇ ಡಿಟಿಪಿ ಫಾಂಟಿನಲ್ಲಿ ಬರೆದು ಅಂಟಿಸಿದರೆ ಅಡ್ಡಾದಿಡ್ಡಿ ಚಿಹ್ನೆಗಳು ಬರುತ್ತವೆ. 'ಶ್ರೀ', 'ಲಕ್ಷ್ಮಿ' ಎಂದು ಬರೆದು ಒತ್ತಕ್ಷರ ಸರಿ ಕೂತಿದೆಯೇ ನೋಡಿ. ಹಿನ್ನೆಲೆಗೆ ಸಿನಿಮಾ ಹಾಡು ಹಾಕುವ ಆಸೆ ಇರುತ್ತದೆ, ಅಲ್ವಾ? ಯೂಟ್ಯೂಬ್‌ಗೆ ಏರಿಸುವುದಿದ್ದರೆ ಬಿಡಿ, ಹಕ್ಕುಸ್ವಾಮ್ಯದ ತಕರಾರು ಬರುತ್ತದೆ. ಯೂಟ್ಯೂಬ್‌ನದೇ ಆಡಿಯೊ ಲೈಬ್ರರಿಯಲ್ಲಿ ಉಚಿತ ಸಂಗೀತ ಇದೆ. ನಾನು ಸಂಗೀತವನ್ನೇ ಹಾಕಲಿಲ್ಲ, ಒನಕೆ ಸಾಕಾಯಿತು.

ಕೊನೆಗೆ 'ಎಕ್ಸ್‌ಪೋರ್ಟ್'. ಅಲ್ಲಿನ ಪಟ್ಟಿಯಲ್ಲಿ 'ಯೂಟ್ಯೂಬ್' ಆರಿಸಿದರೆ ಟಿವಿಯಲ್ಲೂ ಓಡುವ ಎಂಪಿ4 ಸಿಗುತ್ತದೆ. ಹಳೇ ಕಂಪ್ಯೂಟರ್ ಆದರೆ ಇದಕ್ಕೆ ಹೊತ್ತು ಹಿಡಿಯುತ್ತದೆ, ಊಟ ಮಾಡಿ ಬನ್ನಿ. ಪೆನ್‌ಡ್ರೈವ್‌ಗೆ ಹಾಕುವಾಗ ಒಂದು ವಿಷಯ: ಅದು ಫ್ಯಾಟ್32 ಎಂಬ ಹಳೇ ಮಾದರಿಯಲ್ಲಿ ಫಾರ್ಮ್ಯಾಟ್ ಆಗಿದ್ದರೆ 4 ಜಿಬಿಗಿಂತ ದೊಡ್ಡ ಫೈಲ್ ಕೂರುವುದಿಲ್ಲ. ದೂರದ ನೆಂಟರಿಗೆ ವಾಟ್ಸ್ಆ್ಯಪ್‌ನಲ್ಲೇ ಕಳಿಸಬೇಕೆಂದರೆ ವಿಡಿಯೊ ಆಗಿ ಬೇಡ, 'ಡಾಕ್ಯುಮೆಂಟ್' ಆಗಿ ಕಳಿಸಿ. ಇಲ್ಲದಿದ್ದರೆ ಹಪ್ಪಳ ಯಾವುದು, ಚಾಪೆ ಯಾವುದು ಗೊತ್ತಾಗುವುದಿಲ್ಲ.