ಅಮ್ಮನ ಟ್ರಂಕಿನ ಬೀಗ

ನನ್ನ ಹುಡುಕಾಟ ಶುರುವಾಗಿದ್ದು ಪೌತಿ ಖಾತೆಯಿಂದ, ಅಂದರೆ ತೀರಿಕೊಂಡವರ ಜಮೀನನ್ನು ವಾರಸುದಾರರ ಹೆಸರಿಗೆ ಮಾಡಿಸೋದರಿಂದ. ಕೇಳೋಕೆ ವಿಚಿತ್ರ ಅನಿಸಬಹುದು, ಆದರೆ ಹಾಗೇ ಆಗಿದ್ದು.

ಅಮ್ಮ 2001ರ ಫೆಬ್ರವರಿಯಲ್ಲಿ ಕಾಣೆಯಾದಾಗ ನನಗೆ 7 ವರ್ಷ. ಅಪ್ಪ ಅದಕ್ಕೂ ಮೊದಲೇ ತೀರಿಕೊಂಡಿದ್ದರು, ಒಂದು ಎಕರೆ ಹನ್ನೆರಡು ಗುಂಟೆ ಅಡಿಕೆ ತೋಟ ಅಮ್ಮನ ಹೆಸರಿಗೆ ಬಂದಿತ್ತು. "ನಿಮ್ಮಮ್ಮ ಯಾರ ಜೊತೆಗೋ ಹೋದಳು" ಅಂತ ದೊಡ್ಡಪ್ಪ ಹೇಳಿದ್ದನ್ನೇ ಊರು ಹೇಳಿತು, ನಾನೂ ನಂಬಿದೆ. ಎರಡು ವರ್ಷ ಆದ ಮೇಲೆ ಅಮ್ಮನ ಅಮ್ಮ ಬಂದು ನನ್ನನ್ನೂ ಅಮ್ಮನ ಟ್ರಂಕನ್ನೂ ತಮ್ಮೂರಿಗೆ ಕರ್ಕೊಂಡು ಹೋದರು. ಟ್ರಂಕಿನ ಚಿಲಕ ಆಗಲೇ ಕಿತ್ತುಹೋಗಿತ್ತು. ಬೀಗ ಮಾತ್ರ ಹಾಕಿದ ಹಾಗೇ ನೇತಾಡುತ್ತಿತ್ತು.

2019ರಲ್ಲಿ ಪಹಣಿಯಲ್ಲಿ ಹೆಸರು ಬದಲಾಯಿಸೋಣ ಅಂತ ನಾಡಕಚೇರಿಗೆ ಹೋದರೆ ಮರಣ ಪ್ರಮಾಣಪತ್ರ ಕೇಳಿದರು. ಎಲ್ಲಿಂದ ತರೋದು? ವಕೀಲರು ಹೇಳಿದರು, 7 ವರ್ಷ ಸುದ್ದಿಯೇ ಇಲ್ಲದಿದ್ದರೆ ಸಾಕ್ಷ್ಯ ಕಾಯ್ದೆ ಸೆಕ್ಷನ್ 108ರ ಪ್ರಕಾರ ಸತ್ತಿದ್ದಾರೆ ಅಂತ ಕೋರ್ಟು ಭಾವಿಸಬಹುದು, ಒಂದು ದಾವೆ ಹಾಕಿದರೆ ಆಯ್ತು (2024ರ ಜುಲೈನಿಂದ ಹೊಸ ಕಾನೂನಿನಲ್ಲಿ ಅದು ಸೆಕ್ಷನ್ 111). ಅದಕ್ಕೆ ಹಳೆಯ ಎಫ್‌ಐಆರ್ ಪ್ರತಿ ಬೇಕು ಅಂದರು. ದೊಡ್ಡಪ್ಪನೇ ತಂದು ಕೊಟ್ಟರು, ತೋಟದ ಪಕ್ಕದ ದಾರಿ ವಿಷಯ ಇತ್ತು ಅವರಿಗೆ, ಖಾತೆ ಬೇಗ ಆಗಲಿ ಅಂತ. ವಕೀಲರ ಆಫೀಸಿನ ಬೆಂಚಿನ ಮೇಲೆ ಕೂತು ಆ ದೂರನ್ನು ನಾನು ಮೊದಲ ಸಲ ಓದಿದೆ.

ಮೂರು ಸಾಲು ಕಣ್ಣಿಗೆ ಬಿತ್ತು. ಅಮ್ಮ ಹೋಗಿ 19 ದಿನ ಆದ ಮೇಲೆ ದೂರು ಕೊಟ್ಟಿದ್ದಾರೆ. ಟ್ರಂಕಿನ ಚಿಲಕ ಮುರಿದು ಒಡವೆ ತಗೊಂಡು ಹೋಗಿದ್ದಾಳೆ ಅಂತ ಬರೆಸಿದ್ದಾರೆ. ಚಹರೆ: ಗೋಧಿ ಬಣ್ಣ, ದುಂಡು ಮುಖ, ಕೆಂಪು ಅಂಚಿನ ಹಸಿರು ಸೀರೆ.

ಆ ಹಸಿರು ಸೀರೆ ಅಜ್ಜಿ ಮನೆಯಲ್ಲಿದೆ! ನಾನು ಹೊಟ್ಟೆಯಲ್ಲಿದ್ದಾಗ ಅಮ್ಮನ ಸೀಮಂತಕ್ಕೆ ಅಜ್ಜಿ ತಂದಿದ್ದು, ಅವಳ ಹತ್ತಿರ ಇದ್ದ ಹಸಿರು ಸೀರೆ ಅದೊಂದೇ, ಇವತ್ತಿಗೂ ಟ್ರಂಕಿನ ತಳದಲ್ಲಿದೆ. ಅಂದರೆ 18 ವರ್ಷ ಪೊಲೀಸರು, ಪೇಪರಿನವರು, ಎಲ್ಲರೂ ಬೇರೆ ಸೀರೆಯ ಹೆಂಗಸನ್ನು ಹುಡುಕಿದ್ದಾರೆ. ಎಡಗೈ ಮೇಲಿನ ಹಚ್ಚೆಯ ಮಾತೇ ದೂರಿನಲ್ಲಿಲ್ಲ. ತುಳಸಿಕಟ್ಟೆ ಹಚ್ಚೆ, ಕೆಳಗೆ ನಾಲ್ಕು ಚುಕ್ಕಿ. ಅದರ ಮೇಲೆ ಬೆರಳಿಟ್ಟು ನಾನು ಎಣಿಸೋದು ಕಲಿತಿದ್ದು.

ದಾವೆ ನಿಲ್ಲಿಸಿ ಅಂದೆ. ವಕೀಲರಿಗೆ ಸಿಟ್ಟು ಬಂತು.

ಬದುಕಿದ್ದಾಳೆ ಅಂದುಕೊಂಡೇ ಮೊದಲು ಹುಡುಕಿದ್ದು. ಬೀದಿಯಲ್ಲಿ ಅಲೆಯುವ ಮಾನಸಿಕ ರೋಗಿಗಳನ್ನು ಮನೆ ಸೇರಿಸುವ ಕೆಲಸಕ್ಕೆ 2018ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ ಪಡೆದ ಡಾಕ್ಟರ್ ಭರತ್ ವಟ್ವಾನಿ ಅವರ ಕರ್ಜತ್ ಕೇಂದ್ರಕ್ಕೂ ಫೋಟೋ ಕಳಿಸಿದೆ. ಏನೂ ಸಿಗಲಿಲ್ಲ. ಆಮೇಲೆ ನಮ್ಮೂರಿನ ಹಳೇ ನೀರುಗಂಟಿ (ಹೊಲಗಳಿಗೆ ನೀರು ಬಿಡುವವರು) ಒಬ್ಬರು ಒಂದು ಪ್ರಶ್ನೆ ಕೇಳಿದರು, "ಆಗ ನಾಲೇಲಿ ನೀರಿತ್ತಾ ಮಗಾ?" ನಮ್ಮೂರ ಪಕ್ಕದಲ್ಲೇ ಭದ್ರಾ ಬಲದಂಡೆ ನಾಲೆ ಹೋಗುತ್ತೆ. ಬೇಸಿಗೆ ಬೆಳೆಗೆ ಜನವರಿಯಲ್ಲೇ ನೀರು ಬಿಡೋದು, ಫೆಬ್ರವರಿ ಅಂದರೆ ತುಂಬಿ ಹರಿಯೋ ಕಾಲ. ನಾಲೆಗೆ ಬಿದ್ದಿದ್ದು ತೂಬಿಗೋ ಗೇಟಿಗೋ ಸಿಕ್ಕಿಕೊಳ್ಳೋವರೆಗೆ ಹೋಗ್ತಾನೇ ಇರುತ್ತೆ ಅಂದರು. ಲಕ್ಕವಳ್ಳಿ ಡ್ಯಾಮಿನಿಂದ ಹೊರಟ ನೀರು ಚಿಕ್ಕಮಗಳೂರು, ಶಿವಮೊಗ್ಗ, ದಾವಣಗೆರೆ, ಮೂರು ಜಿಲ್ಲೆ ನೋಡುತ್ತೆ. ದೂರು ಇದ್ದಿದ್ದು ಒಂದು ಜಿಲ್ಲೆಯಲ್ಲಿ ಮಾತ್ರ.

ಹಾಗಾಗಿ ಆರ್‌ಟಿಐ ಹಾಕಿದೆ. ನಮ್ಮ ರಾಜ್ಯದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದ ಮೀರಬಾರದು, 10 ರೂಪಾಯಿ ಪೋಸ್ಟಲ್ ಆರ್ಡರ್. "ನಮ್ಮ ತಾಯಿ ಎಲ್ಲಿದ್ದಾರೆ ತಿಳಿಸಿ" ಅಂತ ಕಥೆ ಬರೆದರೆ ಉತ್ತರ ಬರಲ್ಲ, ನನ್ನ ಮೊದಲ ಅರ್ಜಿ ಹಾಗೇ ವಾಪಸ್ ಬಂತು. ದಾಖಲೆಯ ಹೆಸರು ಹೇಳಿ ಕೇಳಬೇಕು. ನಾನು ಕೇಳಿದ್ದು ಇಷ್ಟೇ: 2001ರ ಫೆಬ್ರವರಿಯಿಂದ ಏಪ್ರಿಲ್‌ವರೆಗೆ ಅಪರಿಚಿತ ಹೆಂಗಸಿನ ಶವದ ಬಗ್ಗೆ ದಾಖಲಾದ ಯುಡಿಆರ್‌ಗಳ ಪ್ರತಿ. ಅಸಹಜ ಸಾವಿನ ವರದಿಗೆ ಠಾಣೆಯಲ್ಲಿ ಎಲ್ಲರೂ ಯುಡಿಆರ್ ಅಂತಲೇ ಅನ್ನೋದು. 30 ದಿನಕ್ಕೆ ಒಂದೊಂದು ಕಡೆಯಿಂದ ಒಂದೊಂದು ಉತ್ತರ, ಜಾಸ್ತಿ "ಕಡತ ನಾಶಪಡಿಸಲಾಗಿದೆ" ಅಂತಲೇ.

ಅಲ್ಲಿಗೆ ಬಿಟ್ಟುಬಿಡುತ್ತಿದ್ದೆನೇನೋ. ರಿಟೈರ್ ಆದ ಒಬ್ಬ ಹೆಡ್ ಕಾನ್‌ಸ್ಟೇಬಲ್ ದಾರಿ ತೋರಿಸಿದರು. ಯುಡಿಆರ್ ಪ್ರತಿ ತಹಶೀಲ್ದಾರರಿಗೂ ಹೋಗಿರುತ್ತೆ ಕಣಮ್ಮಾ, ಅವರೇ ತಾಲ್ಲೂಕು ದಂಡಾಧಿಕಾರಿ, ಅಲ್ಲಿಯ ರೆಕಾರ್ಡ್ ರೂಮ್ ನೋಡು ಅಂದರು. ನಾಲೆ ಹೋಗುವ ತಾಲ್ಲೂಕು ಕಚೇರಿಗಳಿಗೆ ಮತ್ತೆ ಅರ್ಜಿ, ಒಂದು ಕಡೆ ಮೇಲ್ಮನವಿ. ಕೊನೆಗೆ ಒಂದು ಕಚೇರಿಯಲ್ಲಿ ಕೆಂಪು ಬಟ್ಟೆಯ ಗಂಟು ಬಿಚ್ಚಿ ಕೊಟ್ಟರು. ಪುಟಕ್ಕೆ 2 ರೂಪಾಯಿ, 9 ಪುಟ, 18 ರೂಪಾಯಿ ಕಟ್ಟಿದೆ.

ಕಾರ್ಬನ್ ಪ್ರತಿ, ಅಕ್ಷರ ನೇರಳೆ. ಅಮ್ಮ ಕಾಣೆಯಾಗಿ ನಾಲ್ಕನೇ ದಿನ ತೂಬಿನ ಹತ್ತಿರ ಸಿಕ್ಕಿದೆ. ವಯಸ್ಸು ಸುಮಾರು 30. ನೀಲಿ ಹೂವಿನ ವಾಯಿಲ್ ಸೀರೆ. ಎಡಗೈ ಮೇಲೆ ತುಳಸಿಕಟ್ಟೆ ಹಚ್ಚೆ, ಕೆಳಗೆ ನಾಲ್ಕು ಚುಕ್ಕಿ. ಸೆರಗಿನ ಗಂಟಿನಲ್ಲಿ ಎರಡು ರೂಪಾಯಿಯ ಮೂರು ನಾಣ್ಯ, ಒಂದು ಸಣ್ಣ ಬೀಗದ ಕೀ. ಸಾವು ನೀರಲ್ಲಿ ಮುಳುಗಿ ಅಂತಿದೆ. ಜಾರಿ ಬಿದ್ದಳಾ, ತಾನೇ ಬಿದ್ದಳಾ, ಯಾರಾದರೂ ನೂಕಿದರಾ, ಅದು ಯಾವ ಪುಟದಲ್ಲೂ ಇಲ್ಲ. ವಾರಸುದಾರರು ಬಾರದ ಕಾರಣ ಹೂಳಲಾಗಿದೆ ಅಂತ ಒಂದು ಸಾಲು.

ದೂರು ಕೊಟ್ಟ ದಿನಕ್ಕೆ ಅಮ್ಮನನ್ನು ಹೂತು ಎರಡು ವಾರ ಆಗಿತ್ತು.

ಊರಿಗೆ ಬಂದು ಅಜ್ಜಿಗೆ ಪಂಚನಾಮೆ ಓದಿ ಹೇಳಿದೆ. ಹಚ್ಚೆಯ ಸಾಲಿಗೆ ಅವರು ಅಳಲಿಲ್ಲ, ಸುಮ್ನೆ ತಲೆ ಆಡಿಸಿದರು. ಕೀ ಅಂದಾಗ "ಇನ್ನೊಂದ್ಸಲ ಓದು" ಅಂದರು. ಓದಿದೆ. ಎದ್ದು ಹೋಗಿ ಟ್ರಂಕಿನ ಮುಂದೆ ಕೂತು ಆ ನೇತಾಡೋ ಬೀಗವನ್ನು ಅಂಗೈಯಲ್ಲಿ ಹಿಡಿದುಕೊಂಡು ತುಂಬ ಹೊತ್ತು ನೋಡಿದರು.

"ಕೀ ಸೆರಗಲ್ಲಿ ಇಟ್ಕೊಂಡೋಳು ಚಿಲಕ ಯಾಕೆ ಮುರೀತಾಳೆ? ನಿಮ್ಮ ದೊಡ್ಡಪ್ಪನ್ನ ಕೇಳು ಹೋಗು."