ಗೇಮ್ ತೆಗೆದೆ, ಊರೇ ಹೋಯ್ತು

ಅಕ್ಕನ ಮಗಳ ಮದುವೆ ಮುಗಿದು ಎರಡು ವಾರ ಆಗಿತ್ತು. ಫೋಟೋಗ್ರಾಫರ್ ಒಂದು ಹಾರ್ಡ್‌ಡಿಸ್ಕ್ ತಂದುಕೊಟ್ಟು, "ಸಾರ್, ವಿಡಿಯೊ ಎಲ್ಲ ಇದರಲ್ಲಿದೆ. ರಾತ್ರಿ ಕಾಪಿ ಮಾಡ್ಕೊಳ್ಳಿ. ಬೆಳಿಗ್ಗೆ ವಾಪಸ್ ಬೇಕು, ನಂಜನಗೂಡಲ್ಲಿ ಇನ್ನೊಂದು ಮದುವೆ ಇದೆ" ಅಂದರು. ಒಳಗೆ ನೋಡಿದರೆ 180 ಜಿಬಿ. ನನ್ನ ಲ್ಯಾಪ್‌ಟಾಪ್‌ನಲ್ಲಿ ಉಳಿದಿದ್ದ ಜಾಗ 11 ಜಿಬಿ. ಸಿ ಡ್ರೈವ್‌ನ ಪಟ್ಟಿ ಕೆಂಪಗಾಗಿ ತಿಂಗಳುಗಳೇ ಆಗಿದ್ದವು. ನಾನೇ ಕಂಡೂ ಕಾಣದ ಹಾಗೆ ಇದ್ದೆ.

ಲ್ಯಾಪ್‌ಟಾಪ್ ಒಳಗಿರುವುದು 512 ಜಿಬಿಯ ಎಸ್‌ಎಸ್‌ಡಿ, ಅಂದರೆ ವೇಗದ ಡಿಸ್ಕ್. ವಿಂಡೋಸ್ ತೋರಿಸೋದು 476. ಇದರಲ್ಲಿ ಮೋಸ ಏನಿಲ್ಲ. ಡಿಸ್ಕ್ ಮಾಡುವವರು ಸಾವಿರದ ಲೆಕ್ಕದಲ್ಲಿ ಎಣಿಸುತ್ತಾರೆ, ವಿಂಡೋಸ್ 1024ರ ಲೆಕ್ಕದಲ್ಲಿ ಎಣಿಸುತ್ತದೆ. ಆ 476ರಲ್ಲಿ ಹೆಚ್ಚುಕಮ್ಮಿ ಮುಕ್ಕಾಲು ಪಾಲು ನನ್ನ ಗೇಮ್‌ಗಳೇ. ಮನೇಲಿ ಬಾಯಿಬಿಟ್ಟರೆ ಬೈಗುಳ ಗ್ಯಾರಂಟಿ. ಹಾಗಾಗಿ ಊಟ ಆದಮೇಲೆ ಸುಮ್ನೆ ಒಂದು ಮೂಲೆ ಹಿಡಿದು ಕೂತೆ.

ವಿಜ್‌ಟ್ರೀ ಅಂತ ಒಂದು ಚಿಕ್ಕ ಪ್ರೋಗ್ರಾಮ್ ಇದೆ. ಅದು ಒಂದೊಂದೇ ಫೋಲ್ಡರ್ ತೆರೆದು ನೋಡುತ್ತಾ ಕೂರುವುದಿಲ್ಲ. ಡಿಸ್ಕ್‌ನಲ್ಲಿ ಯಾವ ಫೈಲ್ ಎಲ್ಲಿದೆ ಅಂತ ವಿಂಡೋಸ್ ಬರೆದಿಟ್ಟುಕೊಂಡಿರುವ ಪಟ್ಟಿಯನ್ನೇ ನೇರವಾಗಿ ಓದುತ್ತದೆ. ಕೆಲವೇ ಸೆಕೆಂಡಿನಲ್ಲಿ ದೊಡ್ಡದರಿಂದ ಚಿಕ್ಕದಕ್ಕೆ ಜೋಡಿಸಿ ಇಟ್ಟಿತು. ಮೇಲಿದ್ದವು ಎರಡು ಆನೆಗಳು: ಬಾಲ್ಡರ್ಸ್ ಗೇಟ್ 3 ಮತ್ತು ರೆಡ್ ಡೆಡ್ ರಿಡೆಂಪ್ಷನ್ 2. ಒಂದೊಂದಕ್ಕೂ 150 ಜಿಬಿ ಜಾಗ ಬೇಕು ಅಂತ ಗೇಮ್ ಮಾರುವ ಆನ್‌ಲೈನ್ ಅಂಗಡಿ ಸ್ಟೀಮ್‌ನ ಪುಟದಲ್ಲೇ ಬರೆದಿದ್ದಾರೆ. ಮೊದಲನೆಯದನ್ನು ವಾರಕ್ಕೊಮ್ಮೆಯಾದರೂ ಆಡುತ್ತಿದ್ದೆ. ಎರಡನೆಯದನ್ನು ತೆರೆದು ಒಂದೂವರೆ ವರ್ಷ ಆಗಿತ್ತು. "ಯಾವತ್ತಾದರೂ ಮುಗಿಸ್ತೀನಿ" ಅನ್ನುವ ಒಂದೇ ಕಾರಣಕ್ಕೆ ಅದು ಅಲ್ಲಿ ಕೂತಿತ್ತು.

ತೆಗೆಯುವ ಕೆಲಸ ಸುಲಭ. ಸ್ಟೀಮ್‌ನ ಲೈಬ್ರರಿಯಲ್ಲಿ ಗೇಮ್ ಹೆಸರಿನ ಮೇಲೆ ರೈಟ್ ಕ್ಲಿಕ್, ಮ್ಯಾನೇಜ್, ಅನ್‌ಇನ್‌ಸ್ಟಾಲ್. ಡೌನ್‌ಲೋಡ್ ಮಾಡಲು ಒಂದಿಡೀ ರಾತ್ರಿ ತಗೊಂಡಿದ್ದು ಒಂದು ಗುಟುಕು ಕಾಫಿ ಕುಡಿಯುವಷ್ಟರಲ್ಲಿ ಮಾಯ. ಅಷ್ಟರಲ್ಲಿ ಹೆಂಡತಿ ಹಿಂದೆ ಬಂದು ನಿಂತಿದ್ದಳು. "ದುಡ್ಡು ಕೊಟ್ಟು ತಗೊಂಡಿದ್ದಲ್ವಾ? ಅಳಿಸಿದ್ರೆ ದುಡ್ಡೂ ಹೋಯ್ತಾ?" ಅಂದಳು. ಇಲ್ಲ. ಡಿಸ್ಕ್‌ನಿಂದ ಹೋಗುತ್ತದೆ, ಖಾತೆಯಲ್ಲಿ ಇರುತ್ತದೆ. ಬೇಕಾದಾಗ ಮತ್ತೆ ಇಳಿಸಿಕೊಳ್ಳಬಹುದು. ಖಾತೆಯಿಂದಲೇ ಶಾಶ್ವತವಾಗಿ ತೆಗೆಯುವುದು ಬೇರೆ ವಿಷಯ, ಅದಕ್ಕೆ ಸ್ಟೀಮ್ ಸಪೋರ್ಟ್ ಪುಟಕ್ಕೆ ಹೋಗಿ ಬೇರೆಯಾಗಿಯೇ ಕೇಳಬೇಕು. ಕೈತಪ್ಪಿ ಆಗುವ ಕೆಲಸ ಅಲ್ಲ.

ಕೈತಪ್ಪಿ ಆಗುವುದು ಏನು ಅಂದರೆ, ಡೆಸ್ಕ್‌ಟಾಪ್‌ನ ಐಕಾನ್ ಅಳಿಸಿ ಗೇಮ್ ಹೋಯ್ತು ಅಂದುಕೊಳ್ಳುವುದು. ನನ್ನ ಜೊತೆ ಕೆಲಸ ಮಾಡುವವರೊಬ್ಬರು ಇನ್ನೊಂದು ತುದಿಗೆ ಹೋಗಿದ್ದರು. ಗೇಮ್‌ನ ಫೋಲ್ಡರ್ ಹುಡುಕಿ ಅದನ್ನೇ ಡಿಲೀಟ್ ಮಾಡಿಬಿಟ್ಟಿದ್ದರು. ಸ್ಟೀಮ್‌ಆಪ್ಸ್ ಫೋಲ್ಡರ್‌ನಲ್ಲಿ ಪ್ರತಿ ಗೇಮ್‌ಗೂ ಒಂದು ಪುಟ್ಟ ಫೈಲ್ ಇರುತ್ತದೆ, ಹೆಸರಿನಲ್ಲಿ ಆ ಗೇಮ್‌ನ ನಂಬರು. ಅದು ಹಾಜರಿ ಪುಸ್ತಕ ಇದ್ದ ಹಾಗೆ, ಯಾವ ಗೇಮ್ ಇದೆ ಅಂತ ಸ್ಟೀಮ್ ಅದನ್ನೇ ನೋಡಿ ಹೇಳುತ್ತದೆ. ಹುಡುಗ ಮನೆಗೆ ಹೋಗಿದ್ದಾನೆ, ಪುಸ್ತಕದಲ್ಲಿ ಮಾತ್ರ ಹಾಜರ್! ಹಾಗಾಗಿ ಯಾವ ಬಾಗಿಲಿನಿಂದ ಬಂದಿದೆಯೋ ಅದೇ ಬಾಗಿಲಿನಿಂದ ಕಳಿಸಬೇಕು. ಸ್ಟೀಮ್‌ನದ್ದು ಸ್ಟೀಮ್‌ನಿಂದ, ಅಂಥದ್ದೇ ಇನ್ನೊಂದು ಅಂಗಡಿ ಎಪಿಕ್‌ನದ್ದು ಎಪಿಕ್‌ನಿಂದ. ವ್ಯಾಲರಂಟ್ ಥರದ ಗೇಮ್‌ಗಳಿಗೆ ಇನ್ನೂ ಒಂದು ಹೆಜ್ಜೆ ಇದೆ. ಆಟದಲ್ಲಿ ಮೋಸ ತಡೆಯಲು ಅದರ ಜೊತೆ ಬರುವ ವ್ಯಾನ್‌ಗಾರ್ಡ್ ಬೇರೆಯೇ ಪ್ರೋಗ್ರಾಮ್, ಅದನ್ನು ಬೇರೆಯಾಗಿ ತೆಗೆಯಬೇಕು.

ಆಮೇಲೆ ಸ್ಕೈರಿಮ್ ಅನ್ನುವ ಗೇಮ್ ತೆಗೆದೆ. ವಿಜ್‌ಟ್ರೀ ಮತ್ತೆ ಓಡಿಸಿದರೆ ಆ ಫೋಲ್ಡರ್ ಇನ್ನೂ ಅಲ್ಲೇ ಇದೆ, 19 ಜಿಬಿ! ಸ್ಟೀಮ್ ತಾನು ತಂದಿಟ್ಟ ಸಾಮಾನನ್ನು ಮಾತ್ರ ಎತ್ತಿಕೊಂಡು ಹೋಗಿತ್ತು. ನಾನು ಕೈಯಾರೆ ತುಂಬಿದ್ದ ಮಾಡ್‌ಗಳು, ಅಂದರೆ ಗೇಮ್ ಬದಲಾಯಿಸಲು ಆಟಗಾರರೇ ಮಾಡಿ ಹಂಚುವ ಫೈಲ್‌ಗಳು, ಹಾಗೇ ಬಿದ್ದಿದ್ದವು. ಮನೆ ಖಾಲಿ ಮಾಡಿದ ಬಾಡಿಗೆದಾರ ಬಿಟ್ಟುಹೋದ ಮುರುಕು ಕುರ್ಚಿಯ ಹಾಗೆ. ಇಂಥದ್ದನ್ನು ಮಾತ್ರ ಕೈಯಿಂದ ಅಳಿಸಬಹುದು, ಅಳಿಸಲೇಬೇಕು.

ಇಲ್ಲಿಗೆ ನಿಲ್ಲಿಸಬೇಕಿತ್ತು. ವಿಡಿಯೊಗೆ ಬೇಕಾದ ಜಾಗ ಆಗಲೇ ಸಿಕ್ಕಿತ್ತು. ಆದರೆ ಕ್ಲೀನ್ ಮಾಡುವ ಹುಚ್ಚು ಹಿಡಿದರೆ ಗೊತ್ತಲ್ಲ, ಹಬ್ಬಕ್ಕೆ ಅಟ್ಟ ಗುಡಿಸಲು ಹತ್ತಿದವರು ಅಜ್ಜಿಯ ತಾಂಬೂಲದ ಪೆಟ್ಟಿಗೆಯನ್ನೂ ಗುಜರಿಗೆ ಹಾಕಿ ಇಳಿಯುತ್ತಾರೆ. ಟೆರಾರಿಯಾ ಕಣ್ಣಿಗೆ ಬಿತ್ತು. ಒಂದು ಜಿಬಿಯೂ ಇಲ್ಲದ ಗೇಮ್. ಎರಡು ವರ್ಷದಿಂದ ಆಡಿಲ್ಲ, ತೆಗೆದೆ. ಆಮೇಲೆ ಡಾಕ್ಯುಮೆಂಟ್ಸ್‌ನಲ್ಲಿ ಮೈ ಗೇಮ್ಸ್ ಅಂತ ಒಂದು ಫೋಲ್ಡರ್ ಕಂಡಿತು. ಗೇಮ್‌ಗಳೇ ಹೋದಮೇಲೆ ಇದ್ಯಾಕೆ ಅಂತ ಶಿಫ್ಟ್ ಒತ್ತಿ ಡಿಲೀಟ್ ಒತ್ತಿದೆ. ಶಿಫ್ಟ್ ಒತ್ತಿದ್ದರಿಂದ ಅದು ರೀಸೈಕಲ್ ಬಿನ್‌ಗೂ ಹೋಗಲಿಲ್ಲ. ಸಿಕ್ಕ ಜಾಗ ಎಷ್ಟು? ನೂರು ಎಂಬಿಯೂ ಇಲ್ಲ.

ವಿಡಿಯೊ ಕಾಪಿ ಆಯಿತು, ಡಿಸ್ಕ್ ಬೆಳಿಗ್ಗೆ ವಾಪಸ್ ಹೋಯಿತು. ದಸರಾ ರಜೆಯಲ್ಲಿ ಹಾಸನದಿಂದ ಅಕ್ಕನ ಮಗ ಫೋನ್ ಮಾಡಿದ. "ಮಾಮ, ಟೆರಾರಿಯಾ ಹೋಸ್ಟ್ ಮಾಡು. ನಮ್ಮೂರು ನೋಡಿ ಯಾವ ಕಾಲ ಆಯ್ತು."

2020ರ ಲಾಕ್‌ಡೌನ್‌ನಲ್ಲಿ ಅವನು ಅಲ್ಲಿ, ನಾನು ಇಲ್ಲಿ ಕೂತು ರಾತ್ರಿ ರಾತ್ರಿ ಕಟ್ಟಿದ ಊರು ಅದು. ಸಮುದ್ರದ ಕಡೆಗೆ ಒಂದು ಸೇತುವೆ, ನೆಲದೊಳಗೆ ಮೀನು ಸಾಕುವ ಕೊಳ, ಅವನ ತಂಗಿ ಹೇಳಿದಳು ಅಂತ ಕಟ್ಟಿದ ಗುಲಾಬಿ ಬಣ್ಣದ ಮನೆ. ಹೋಸ್ಟ್ ಮಾಡೋದು ಅಂದರೆ ಆ ಊರನ್ನು ನನ್ನ ಕಂಪ್ಯೂಟರ್‌ನಲ್ಲಿ ತೆರೆದು ಅವನನ್ನೂ ಒಳಗೆ ಕರೆಯೋದು. ಗೇಮ್ ಇಳಿಸಿಕೊಂಡು ತೆರೆದೆ. ಇಂಥ ಊರುಗಳಿಗೆ ಗೇಮ್‌ನಲ್ಲಿ ವರ್ಲ್ಡ್ ಅಂತಾರೆ, ಆ ವರ್ಲ್ಡ್‌ಗಳ ಪಟ್ಟಿ ಖಾಲಿ. ಕ್ಲೌಡ್‌ನಲ್ಲಿ, ಅಂದರೆ ಸ್ಟೀಮ್‌ನವರ ಸರ್ವರ್‌ನಲ್ಲಿ, ಇರಬೇಕಲ್ಲ ಅಂದುಕೊಂಡೆ. ಆಗ ಗೊತ್ತಾಯಿತು. ಟೆರಾರಿಯಾದಲ್ಲಿ ಪ್ರತಿ ವರ್ಲ್ಡ್ ಹೆಸರಿನ ಕೆಳಗೂ ಒಂದು ಪುಟ್ಟ ಮೋಡದ ಚಿತ್ರ ಇರುತ್ತದೆ. ಅದನ್ನು ಒತ್ತಿದರೆ ಮಾತ್ರ ಆ ವರ್ಲ್ಡ್ ಸ್ಟೀಮ್ ಕ್ಲೌಡ್‌ಗೆ ಹೋಗುತ್ತದೆ. ನಾನು ಯಾವತ್ತೂ ಒತ್ತಿರಲಿಲ್ಲ. ಗೇಮ್ ತಾನೇ ಮಾಡಿಡುವ ಬ್ಯಾಕಪ್ ಫೈಲ್ ಕೂಡ ಅದೇ ಫೋಲ್ಡರ್‌ನಲ್ಲಿ ಇರುತ್ತದೆ, ಅದೂ ಜೊತೆಗೇ ಹೋಗಿತ್ತು. ಅಳಿಸಿದ್ದನ್ನು ಎತ್ತುವ ಸಾಫ್ಟ್‌ವೇರ್ ಓಡಿಸಿ ನೋಡಿದೆ. ಎಸ್‌ಎಸ್‌ಡಿಯಲ್ಲಿ ಟ್ರಿಮ್ ಅಂತ ಒಂದು ವ್ಯವಸ್ಥೆ ಇದೆ, ಅಳಿಸಿದ ಜಾಗವನ್ನು ಅದು ಹಿಂದಿನಿಂದ ಒರೆಸಿ ಇಡುತ್ತದೆ. ಸಾಲದ್ದಕ್ಕೆ ಅದರ ಮೇಲೆ 180 ಜಿಬಿ ಮದುವೆ ವಿಡಿಯೊ ಬೇರೆ ಕೂತಿತ್ತು. ಏನೂ ಸಿಗಲಿಲ್ಲ.

ಅವನ ಕಡೆ ಏನಾದರೂ ಉಳಿದಿರಬಹುದಾ ಅಂತ ನೋಡಿದೆವು. ಈ ಗೇಮ್‌ನಲ್ಲಿ ನಮ್ಮ ನಮ್ಮ ಪಾತ್ರ ನಮ್ಮ ನಮ್ಮ ಕಂಪ್ಯೂಟರ್‌ನಲ್ಲಿ ಇರುತ್ತದೆ. ವರ್ಲ್ಡ್ ಮಾತ್ರ ಹೋಸ್ಟ್ ಮಾಡಿದವನ ಹತ್ತಿರ. ಅವನ ಪಾತ್ರ ಕತ್ತಿ, ರೆಕ್ಕೆ ಸಮೇತ ಹಾಗೇ ಇದ್ದ. ಅವನು ಓಡಾಡಿದ ಜಾಗದ ಮ್ಯಾಪ್ ಫೈಲ್ ಕೂಡ ಇತ್ತು. ಆದರೆ ಆ ವರ್ಲ್ಡ್ ಒಳಗೆ ಹೋದರೆ ತಾನೆ ಮ್ಯಾಪ್ ಕಾಣೋದು? ಊರಿನ ನಕಾಶೆ ಇದೆ, ಊರಿಲ್ಲ. ಹುಡುಗ ಜಾಸ್ತಿ ಏನೂ ಹೇಳಲಿಲ್ಲ. "ಪರ್ವಾಗಿಲ್ಲ ಬಿಡು ಮಾಮ" ಅಂದ. ಬೈದಿದ್ದರೆ ವಾಸಿ ಇತ್ತು.

ಅವತ್ತಿನಿಂದ ನನ್ನ ಲೆಕ್ಕವೇ ತಿರುಗಿತು. ಇಷ್ಟು ದಿನ ಗೇಮ್ ಅಳಿಸಲು ಹೆದರುತ್ತಿದ್ದೆ, ನಾವು ಆಡಿದ್ದು, ಕಟ್ಟಿದ್ದು ಉಳಿಯುವ ಸೇವ್ ಫೈಲ್ ಬಗ್ಗೆ ಯೋಚನೆಯೇ ಇರಲಿಲ್ಲ. ಇರಬೇಕಾದ್ದು ಉಲ್ಟಾ. 150 ಜಿಬಿ ಗೇಮ್ ಎಷ್ಟು ಸಲ ಬೇಕಾದರೂ ಮತ್ತೆ ಬರುತ್ತದೆ. ಕೆಲವೇ ಎಂಬಿಯ ಸೇವ್ ಬರುವುದಿಲ್ಲ.

ಕಷ್ಟ ಏನು ಅಂದರೆ ಸೇವ್‌ಗಳಿಗೆ ಒಂದು ಜಾಗ ಅಂತಿಲ್ಲ. ವಿಚರ್ 3ರದ್ದು ಡಾಕ್ಯುಮೆಂಟ್ಸ್‌ನಲ್ಲಿ ಅದರದೇ ಹೆಸರಿನ ಫೋಲ್ಡರ್‌ನಲ್ಲಿರುತ್ತದೆ. ರೆಡ್ ಡೆಡ್ 2ರದ್ದೂ ಡಾಕ್ಯುಮೆಂಟ್ಸ್‌ನಲ್ಲೇ, ಆದರೆ ರಾಕ್‌ಸ್ಟಾರ್ ಗೇಮ್ಸ್ ಅನ್ನುವ ಫೋಲ್ಡರ್ ಒಳಗೆ. ಸ್ಟಾರ್‌ಡ್ಯೂ ವ್ಯಾಲಿಯದ್ದು ಆ್ಯಪ್‌ಡೇಟಾದ ರೋಮಿಂಗ್‌ನಲ್ಲಿ, ಬಾಲ್ಡರ್ಸ್ ಗೇಟ್ 3ರದ್ದು ಆ್ಯಪ್‌ಡೇಟಾದ ಲೋಕಲ್‌ನಲ್ಲಿ, ಹಾಲೋ ನೈಟ್‌ನದ್ದು ಲೋಕಲ್‌ಲೋ ಒಳಗೆ. ಈ ಆ್ಯಪ್‌ಡೇಟಾ ಸಾಮಾನ್ಯವಾಗಿ ಕಾಣಿಸುವುದೇ ಇಲ್ಲ. ಎಕ್ಸ್‌ಪ್ಲೋರರ್‌ನ ವ್ಯೂ ಮೆನುವಿನಲ್ಲಿ ಹಿಡನ್ ಐಟಮ್ಸ್ ಆನ್ ಮಾಡಿದರೆ ಮುಖ ತೋರಿಸುತ್ತದೆ. ಕೆಲವು ಹಳೆಯ ಗೇಮ್‌ಗಳು ಸೇವ್ ಅನ್ನು ತಮ್ಮ ಫೋಲ್ಡರ್ ಒಳಗೇ ಇಟ್ಟುಕೊಳ್ಳುತ್ತವೆ. ಅವನ್ನು ತೆಗೆಯುವಾಗ ಡಬಲ್ ಹುಷಾರು ಬೇಕು. ಯಾವುದು ಎಲ್ಲಿ ಅಂತ ಪಿಸಿಗೇಮಿಂಗ್‌ವಿಕಿ ಅನ್ನುವ ವೆಬ್‌ಸೈಟಿನಲ್ಲಿ ಸಿಗುತ್ತದೆ. ಅದೂ ಬೇಜಾರು ಅನ್ನುವವರಿಗೆ ಲುಡುಸಾವಿ ಅನ್ನುವ ಉಚಿತ ಪ್ರೋಗ್ರಾಮ್ ಇದೆ. ಅದೇ ಹುಡುಕಿ, ಒಂದೇ ಕಡೆ ಕಾಪಿ ಮಾಡಿ ಇಡುತ್ತದೆ. ನಾನು ಮೊದಲ ಸಲ ಓಡಿಸಿದಾಗ ಅರವತ್ತು ಚಿಲ್ಲರೆ ಗೇಮ್‌ಗಳ ಸೇವ್ ಸಿಕ್ಕವು, ಎಲ್ಲ ಸೇರಿ 2 ಜಿಬಿಯೂ ಇಲ್ಲ. ಒಂದು ಪೆನ್‌ಡ್ರೈವ್‌ಗೆ, ಒಂದು ಗೂಗಲ್ ಡ್ರೈವ್‌ಗೆ ಹಾಕಿದೆ.

ಆಮೇಲೆ 1 ಟಿಬಿಯ ಒಂದು ಹೊರಗಿನ ಹಾರ್ಡ್‌ಡಿಸ್ಕ್ ಕೊಂಡೆ. ಅದು ನನ್ನ ಅಟ್ಟ. ಸ್ಟೀಮ್ ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್ ಅಂತ ಇದೆ, ಅಲ್ಲಿ ಇನ್ನೊಂದು ಡ್ರೈವ್ ಸೇರಿಸಿ, ಗೇಮ್ ಟಿಕ್ ಮಾಡಿ, ಮೂವ್ ಒತ್ತಿದರೆ ಸಾಕು. ನಮ್ಮ ಮನೆಯ ಇಂಟರ್‌ನೆಟ್ 40 ಎಂಬಿಪಿಎಸ್. 150 ಜಿಬಿ ಇಳಿಸಲು ಎಂಟು ಗಂಟೆ ಮೇಲೆ ಬೇಕು. ಅಟ್ಟದಿಂದ ಇಳಿಸಲು ಅರ್ಧ ಗಂಟೆ. ಅಲ್ಲಿಂದಲೇ ಆಡಲು ಹೋಗಬೇಡಿ, ದೊಡ್ಡ ಗೇಮ್‌ಗಳು ಲೋಡ್ ಆಗುವಷ್ಟರಲ್ಲಿ ಅನ್ನ ಬೆಂದಿರುತ್ತದೆ. ಬಾಲ್ಡರ್ಸ್ ಗೇಟ್ 3 ಅಂತೂ ಎಸ್‌ಎಸ್‌ಡಿ ಬೇಕೇ ಬೇಕು ಅನ್ನುತ್ತದೆ. ಲ್ಯಾಪ್‌ಟಾಪ್‌ನಲ್ಲಿ ಈಗ ಒಂದು ದೊಡ್ಡ ಗೇಮ್, ಎರಡು ಚಿಕ್ಕವು. ನಾಲ್ಕನೆಯದು ಬೇಕಾದರೆ ಒಂದು ಅಟ್ಟ ಹತ್ತಬೇಕು.

ಲೈಬ್ರರಿಯ ಕಥೆ ಇನ್ನೊಂದು. ಎಣಿಸಿದೆ, ಸ್ಟೀಮ್ ಮತ್ತು ಎಪಿಕ್ ಸೇರಿ 214 ಗೇಮ್. ಅರ್ಧಕ್ಕಿಂತ ಜಾಸ್ತಿ ಒಮ್ಮೆಯೂ ತೆರೆದಿಲ್ಲ. ಎಪಿಕ್‌ನವರು ಪ್ರತಿ ಗುರುವಾರ ಉಚಿತವಾಗಿ ಕೊಡುತ್ತಾರೆ, ನಾನು ಪ್ರತಿ ಗುರುವಾರ ತಗೋತೀನಿ. ಸಿನಿಮಾ ಬಿಟ್ಟಮೇಲೆ ಗೇಟಿನಲ್ಲಿ ಹಂಚುವ ಪಾಂಪ್ಲೆಟ್ ತಗೊಂಡ ಹಾಗೆ. ಸೇಲ್‌ನಲ್ಲಿ ಕೊಂಡಿದ್ದು ಅದಕ್ಕಿಂತ ಕಡೆ. ಹೊಟ್ಟೆ ತುಂಬಿದರೂ ಕಣ್ಣು ತುಂಬಲ್ಲ. ಈಗ ಸ್ಟೀಮ್‌ನಲ್ಲಿ ಮೂರು ಕಲೆಕ್ಷನ್ ಮಾಡಿದ್ದೇನೆ. ಹೆಸರು ಕನ್ನಡದಲ್ಲೇ: "ಆಡ್ತಾ ಇದೀನಿ", "ಮುಗೀತು", "ನೋಡೋಣ". ಯಾವತ್ತೂ ಆಡಲ್ಲ ಅಂತ ಖಾತ್ರಿ ಇರುವುದನ್ನು ಹೈಡ್ ಮಾಡಿದ್ದೇನೆ. ಹೊಸದು ಕೊಂಡರೆ ಅದೇ ವಾರ ಒಂದೂವರೆ ಗಂಟೆ ಆಡಿ ನೋಡುತ್ತೇನೆ. ಕೊಂಡು 14 ದಿನದೊಳಗೆ, ಎರಡು ಗಂಟೆಗಿಂತ ಕಡಿಮೆ ಆಡಿದ್ದರೆ ಸ್ಟೀಮ್ ದುಡ್ಡು ವಾಪಸ್ ಕೊಡುತ್ತದೆ. ಹಾಗೆ ಮೂರು ಗೇಮ್ ಹಿಂದೆ ಕಳಿಸಿದ್ದೇನೆ, ಒಂದಕ್ಕೂ ಬೇಸರ ಆಗಲಿಲ್ಲ.

ಇನ್ನು ಖಾತೆಯಲ್ಲಿ ಇದ್ದದ್ದೆಲ್ಲ ಕೊನೆವರೆಗೂ ನಮ್ಮದು ಅನ್ನುವುದೂ ಪೂರ್ತಿ ನಿಜ ಅಲ್ಲ. ನಾವು ಕೊಳ್ಳುವುದು ಆಡುವ ಪರವಾನಗಿ. ದಿ ಕ್ರೂ ಗೇಮ್‌ನ ಸರ್ವರ್ 2024ರ ಮಾರ್ಚ್ ಕೊನೆಗೆ ನಿಂತಮೇಲೆ, ಕೊಂಡವರೂ ಅದನ್ನು ಆಡಲಾಗಲಿಲ್ಲ. ಅದಕ್ಕೇ ತುಂಬಾ ಇಷ್ಟದ ಹಳೆಯ ನಾಲ್ಕೈದು ಗೇಮ್‌ಗಳನ್ನು ಗಾಗ್ (GOG) ಅನ್ನುವ ಇನ್ನೊಂದು ಅಂಗಡಿಯಲ್ಲಿ ಕೊಂಡು, ಅವರ ಆಫ್‌ಲೈನ್ ಇನ್‌ಸ್ಟಾಲರ್ ಇಳಿಸಿ ಅಟ್ಟಕ್ಕೆ ಹಾಕಿದ್ದೇನೆ. ಅದಕ್ಕೆ ಸ್ಟೀಮ್ ಥರದ ಲಾಂಚರ್ ಬೇಡ, ಹಾಕಿಕೊಳ್ಳಲು ಇಂಟರ್‌ನೆಟ್ಟೂ ಬೇಡ.

ಸಂಕ್ರಾಂತಿಗೆ ಅಕ್ಕನ ಮಗ ಮೈಸೂರಿಗೆ ಬಂದಿದ್ದ. ಅವನ ಸೇವ್‌ಗಳನ್ನೂ ಪೆನ್‌ಡ್ರೈವ್‌ಗೆ ಹಾಕಿಕೊಡ್ತೀನಿ ಅಂತ ಕೂರಿಸಿಕೊಂಡೆ. ಟೆರಾರಿಯಾ ಫೋಲ್ಡರ್ ತೆರೆದರೆ ಆ ಮ್ಯಾಪ್ ಫೈಲ್ ಇನ್ನೂ ಅಲ್ಲೇ ಇತ್ತು. "ಇದನ್ನ ಬಿಡೋಣ್ವಾ? ಊರೇ ಇಲ್ವಲ್ಲೋ" ಅಂದೆ.

"ಇರ್ಲಿ ಮಾಮ" ಅಂದ. "ಒಂದೆರಡು ಎಂಬಿ ತಾನೆ."